ದಫೇದಾರ್: ಕುದುರೆ ಮೇಲಿದ್ದವರೋ, ಕಚೇರಿ ಬಾಗಿಲಲ್ಲಿ ನಿಂತವರೋ?

ಗೆಳೆಯರೇ, ನಮಸ್ಕಾರ. ಒಂದು ಪದದ ವಿಷಯದಲ್ಲಿ ನಿಮ್ಮ ಸಲಹೆ ಬೇಕು.

ನಮ್ಮ ಅಜ್ಜಿಯ ತಂದೆ ಮೈಸೂರು ಸಂಸ್ಥಾನದ ಕುದುರೆ ಪಡೆಯಾದ ಮೈಸೂರು ಲ್ಯಾನ್ಸರ್ಸ್‌ನಲ್ಲಿದ್ದವರು. ಮನೆಯ ಟ್ರಂಕಿನಲ್ಲಿ ಅವರದೊಂದು ಫೋಟೊ ಇದೆ. ತಲೆಗೆ ರುಮಾಲು, ಕೈಯಲ್ಲಿ ಭರ್ಜಿ, ಪಕ್ಕದಲ್ಲಿ ಕುದುರೆಯ ಅರ್ಧ ಮುಖ. ಹಿಂದುಗಡೆ ಮಾಸಿದ ಶಾಯಿಯಲ್ಲಿ ‘ದಫೇದಾರ್’ ಅಂತ ಬರೆದು, ಆಮೇಲೆ ಹೆಸರು. ಮನೆಯವರಿಗಾಗಿ ಅವರ ಬಗ್ಗೆ ನಾಲ್ಕು ಪುಟ ಬರೆದೆ. ಓದಿದ ಅಣ್ಣನ ಮಗಳು, “ಚಿಕ್ಕಪ್ಪ, ಇವರು ಡಿಸಿ ಆಫೀಸಲ್ಲಿದ್ರಾ?” ಅಂದಳು.

ಅವಳ ತಪ್ಪೇನಿಲ್ಲ. ಬಿಳಿ ಬಟ್ಟೆ, ಅಡ್ಡಕ್ಕೆ ಕೆಂಪು ಪಟ್ಟಿ, ಹಿತ್ತಾಳೆ ಬಿಲ್ಲೆ. ಹೀಗೆ ಕಚೇರಿ ಬಾಗಿಲಲ್ಲಿ ನಿಲ್ಲುವವರೇ ಅವಳು ನೋಡಿರುವ ದಫೇದಾರರು.

ಸೈನ್ಯದಲ್ಲಿ ಈ ಪದ ಕುದುರೆ ಪಡೆಯದು. ಕಾಲಾಳು ಪಡೆಯ ಹವಾಲ್ದಾರ್‌ಗೆ ಸಮನಾದವರು ಇಲ್ಲಿ ದಫೇದಾರ್. ಅಲ್ಲಿನ ಸಿಪಾಯಿ ಇಲ್ಲಿ ಸವಾರ, ಅಲ್ಲಿನ ಸುಬೇದಾರ್ ಇಲ್ಲಿ ರಿಸಾಲ್ದಾರ್. ನಮ್ಮ ಶೇಷಾದ್ರಿಪುರದ ರಿಸಾಲ್ದಾರ್ ರಸ್ತೆಯಲ್ಲಿ ದಿನಾ ಓಡಾಡುವ ಎಷ್ಟು ಜನಕ್ಕೆ ಅದರಲ್ಲಿ ಕುದುರೆ ಕಾಣುತ್ತದೆ? ‘ದಾರ್’ ಎಷ್ಟು ಒಗ್ಗಿತ್ತೆಂದರೆ ಮೈಸೂರಿನ ಪಡೆಯಲ್ಲಿ ಇಂಗ್ಲಿಷ್ ಪದಕ್ಕೂ ಅದನ್ನು ಅಂಟಿಸಿ ‘ರೆಜಿಮೆಂಟ್‌ದಾರ್’ ಮಾಡಿಕೊಂಡಿದ್ದರು.

ದಫೇದಾರ್ ಬಂದದ್ದು ದಫ್ತರದಿಂದ ಅಂತ ಕೆಲವರು ಹೇಳುತ್ತಾರೆ. ಅದು ಸರಿಯಲ್ಲ. ದಫ್ತರದಿಂದ ಬಂದದ್ದು ದಫ್ತರ್‌ದಾರ್, ಅದು ಬೇರೆ ಹುದ್ದೆ. ಇದರ ಮೂಲ ಅರಬ್ಬಿಯ ‘ದಫಾ’. ನಾವು “ನಾಲ್ಕು ದಫೆ ಬಂದು ಹೋದೆ” ಅಂತೀವಲ್ಲ, ಅದೇ. ಒಂದು ಸರತಿ, ಒಂದು ಸಣ್ಣ ತಂಡ. ಆ ತಂಡವನ್ನು ನೋಡಿಕೊಳ್ಳುವವನು ದಫೇದಾರ್. ಕಚೇರಿಯಲ್ಲೂ ಜವಾನರ ತಂಡಕ್ಕೆ ಹಿರಿಯನಾದವನಿಗೆ ಅದೇ ಹೆಸರು ಬಂತು. ಅರ್ಥ ಉಳಿಯಿತು, ಕುದುರೆ ಹೋಯಿತು.

ಜವಾನ ಪದವೂ ಹಾಗೇ ಅಲ್ವಾ? ಹಿಂದಿಯಲ್ಲಿ ಗಡಿ ಕಾಯುವವನು, ಕನ್ನಡದಲ್ಲಿ ಫೈಲು ಹೊರುವವನು. ಪೇದೆ ಅಂದರೂ ಮೊದಲು ಕಾಲಾಳೇ.

ಈಗ ನನ್ನ ತೊಡಕು. ‘ಹವಾಲ್ದಾರ್’ ಅಂತ ಬರೆದರೆ ಕುದುರೆ ಪಡೆಯವರನ್ನು ಕಾಲಾಳು ಪಡೆಗೆ ಸೇರಿಸಿದಂತೆ. ‘ಸಿಪಾಯಿ’ ಅಂದರೆ ದರ್ಜೆ ಇಳಿಸಿದಂತೆ. ‘ಸೈನಿಕ’ ಅಂದರೆ ಏನೂ ಹೇಳಿದಂತಾಗುವುದಿಲ್ಲ. ಮೊದಲ ಮಹಾಯುದ್ಧದಲ್ಲಿ, 1918ರ ಸೆಪ್ಟೆಂಬರ್ 23ರಂದು ಮೈಸೂರು, ಜೋಧಪುರದ ಸವಾರರು ಈಗಿನ ಇಸ್ರೇಲಿನ ಹೈಫಾ ಊರಿಗೆ ನುಗ್ಗಿದಾಗ ಎದುರಿಗೆ ಮಷೀನ್ ಗನ್ನುಗಳಿದ್ದವು. ಅಲ್ಲಿ ತಮ್ಮ ತಂಡವನ್ನು ಮುನ್ನಡೆಸಿದ ದರ್ಜೆ ಇದು. ಜೆ.ಸಿ. ನಗರದ ಲ್ಯಾನ್ಸರ್ಸ್ ಸ್ಮಾರಕದ ಮುಂದೆ ನಿಂತಾಗ ಈ ಪದ ಬಿಟ್ಟುಕೊಡಲು ನನಗೆ ಮನಸ್ಸು ಬರುವುದಿಲ್ಲ.

ಸದ್ಯಕ್ಕೆ ‘ಕುದುರೆ ಪಡೆಯ ದಫೇದಾರ್’ ಅಂತ ಬರೆದಿದ್ದೇನೆ. ಇಷ್ಟು ಸಾಕೇ? ನಿಮ್ಮ ಮನೆಯ ಹಿರಿಯರು ಪಡೆಯಲ್ಲಿದ್ದವರನ್ನು ಏನಂತ ಕರೆಯುತ್ತಿದ್ದರು? ನಮ್ಮ ಅಜ್ಜಿ ಮಾತ್ರ “ನಮ್ಮಪ್ಪ ದಂಡಿನಲ್ಲಿದ್ರು” ಅನ್ನುತ್ತಿದ್ದರು.