ಸಮಸ್ಯೆ: ‘ಹಿಂದೆ ನಿಲ್ಲಲು ಬಂದು ಮುಂದೆ ನಿಂತ’

ಗೆಳೆಯರೇ, ಈ ಸಲದ ವಸ್ತು ಜಪಾನಿನ ನಟ, ನಿರ್ಮಾಪಕ ತೊಷಿರೊ ಮಿಫುನೆ (1920–1997). ಐದು ಮಾತ್ರೆಯ ಗಣಗಳ ಚೌಪದಿ, ಅಂದರೆ ನಾಲ್ಕು ಸಾಲಿನ ಪದ್ಯ. ಕೊನೆಯ ಸಾಲು ನನ್ನದು, ಮೂರು ನಿಮ್ಮದು. ಆದಿಪ್ರಾಸ (ಪ್ರತಿ ಸಾಲಿನ ಎರಡನೇ ಅಕ್ಷರದ ಪ್ರಾಸ) ಬಿಡಬೇಡಿ.

ಮೊದಲ ಪೂರಣ

ಬಂದನಾ ಟೋಕಿಯೊಗೆ ಸೈನ್ಯದಿಂ ಬರಿಗೈಲಿ
ತಂದೆಯಿಂ ಕಲಿತಿದ್ದ ಫೋಟೊವಿದ್ಯೆ
ಮುಂದಿಟ್ಟು ಕೆಲಸ ಕೇಳಲು ನಟರ ಸಾಲಿನಲಿ
ಹಿಂದೆ ನಿಲ್ಲಲು ಬಂದು ಮುಂದೆ ನಿಂತ

ಮೇಷ್ಟ್ರೇ, 1946ರಲ್ಲಿ ತೊಹೊ ಸ್ಟುಡಿಯೋದಲ್ಲಿ ಅವರು ಕೇಳಿದ್ದು ಸಹಾಯಕ ಕ್ಯಾಮೆರಾಮನ್ ಕೆಲಸ. ಕೊನೆಗೆ ನಿಂತದ್ದು ಹೊಸ ನಟರ ಆಯ್ಕೆಗೆ!

ಮೇಷ್ಟ್ರು: ತುಂಬಾ ಚೆನ್ನಾಗಿದೆ. ಆ ಆಯ್ಕೆಯಲ್ಲಿ ಕೋಪ ನಟಿಸಬೇಕಿತ್ತು. ಬೋನಿಗೆ ಬಿದ್ದ ಮೃಗದ ಹಾಗೆ ಕೋಣೆ ತುಂಬ ಅಬ್ಬರಿಸಿದರಂತೆ. ಆಮೇಲೆ ಕುರ್ಚಿಯಲ್ಲಿ ಕುಸಿದು ತೀರ್ಪುಗಾರರನ್ನೇ ದುರುಗುಟ್ಟಿ ನೋಡಿದರಂತೆ. ಇದನ್ನು ಕಣ್ಣಾರೆ ಕಂಡು ಬರೆದವರು ನಿರ್ದೇಶಕ ಅಕಿರ ಕುರೊಸಾವಾ. ಮಿಫುನೆಯನ್ನೇ ಆರಿಸಬೇಕೆಂದು ಅವರೂ ಅವರ ಗುರು ಯಮಾಮೊಟೊ ಅವರೂ ಪಟ್ಟು ಹಿಡಿಯದಿದ್ದರೆ, ಕುರೊಸಾವಾ–ಮಿಫುನೆ ಇಬ್ಬರೂ ಸೇರಿ ಮಾಡಿದ 16 ಚಿತ್ರಗಳೇ ಇರುತ್ತಿರಲಿಲ್ಲ, ಅಲ್ವಾ?

ಎರಡನೇ ಪೂರಣ

ಮಂದಿಯಾರ್ವರ ಬೆನ್ನ ಹತ್ತಿ ನಡೆದವನೊಬ್ಬ
ಒಂದು ಹೆಸರೂ ಇಲ್ಲ, ರೈತನ ಮಗ
ಕೊಂದು ಕಳ್ಳರ ದೊರೆಯ ಮಳೆಯಲ್ಲಿ ಮಡಿಯುತ್ತ
ಹಿಂದೆ ನಿಲ್ಲಲು ಬಂದು ಮುಂದೆ ನಿಂತ

ಇದು 1954ರ ‘ಸೆವೆನ್ ಸಮುರಾಯ್’ ಚಿತ್ರದಲ್ಲಿ ಮಿಫುನೆ ಮಾಡಿದ ಪಾತ್ರ, ಕಿಕುಚಿಯೊ. ಯಾರದೋ ವಂಶಾವಳಿ ತೋರಿಸಿ ತಾನೂ ಸಮುರಾಯ್ ಯೋಧ ಅನ್ನುತ್ತಾನೆ. ಆರು ಜನ ಬೇಡವೆಂದರೂ ದೂರದಿಂದ ಹಿಂಬಾಲಿಸುತ್ತಾನೆ.

ಮೇಷ್ಟ್ರು: ‘ಒಂದು ಹೆಸರೂ ಇಲ್ಲ’ ಓದಿ ಗಂಟಲು ಕಟ್ಟಿತು, ಅಕ್ಕಾ. ನಾನು ಸಮಸ್ಯೆ ಕೊಡುವಾಗ ಪಾತ್ರ ಹೊಳೆದೇ ಇರಲಿಲ್ಲ.

ಮೂರನೇ ಪೂರಣ

ಚಂದದಾ ಚಿತ್ರಕ್ಕೆ ಕಂಪನಿಯ ಕಟ್ಟಿದನು
ಬಂದು ಸಾಲದ ಹೊರೆಯು ಹೆಗಲಿಗೇರೆ
ಒಂದಲ್ಲ, ಹತ್ತೂರ ಕ್ಯಾಮೆರಾ ಕಣ್ಣಿನಲಿ
ಹಿಂದೆ ನಿಲ್ಲಲು ಬಂದು ಮುಂದೆ ನಿಂತ

ಮೇಷ್ಟ್ರು: ಇಲ್ಲಿ ಸ್ವಲ್ಪ ತಕರಾರಿದೆ. 1962ರಲ್ಲಿ ಮಿಫುನೆ ಪ್ರೊಡಕ್ಷನ್ಸ್ ಶುರು ಮಾಡಿದರು. ಮರುವರ್ಷದ ಚಿತ್ರಕ್ಕೆ ಅವರೇ ನಿರ್ದೇಶಕರು, ಅವರೇ ನಾಯಕ. ಹಿಂದೆ ನಿಂತದ್ದು ಯಾವಾಗ? ಇನ್ನು, ‘ಬಂದು’ ಎರಡು ಸಲ ಬಂದಿದೆ.

ಮೂರನೇ ಪೂರಣದವರು: ನಿರ್ದೇಶನ ಅದೊಂದೇ ಸಲ, ಮೇಷ್ಟ್ರೇ. ಕಂಪನಿ ನಡೆಸಲು ದುಡ್ಡು ಬೇಕಿತ್ತು. ಅಮೆರಿಕದ ಚಿತ್ರಗಳಿಂದ ಹಿಡಿದು 1980ರ ‘ಶೋಗನ್’ ಧಾರಾವಾಹಿಯವರೆಗೆ ಬಣ್ಣ ಹಚ್ಚಿದರು. ನಾನು ಹೇಳಿದ್ದು ಆ ದುಡಿಮೆಯನ್ನು. ಎರಡನೇ ಸಾಲು ತಿದ್ದಿದ್ದೇನೆ, ನೋಡಿ:

ಕುಂದದಾ ಸಾಲವದು ಹೆಗಲಿಗೇರೆ

ಮೇಷ್ಟ್ರು: ಈಗ ಸರಿಹೋಯ್ತು. ಒಪ್ಪಿದೆ.