ಒಂದು ಫಾರ್ವರ್ಡು, ಕಳೆದುಹೋದ ಒಂದು ಫೈಲು

ದೊಡ್ಡಪ್ಪ: (ಫಾರ್ವರ್ಡ್) ಹಳೇ ಚೆಸ್ ಡೇಟಾಬೇಸ್‌ನಲ್ಲಿ ಕಲಿತವರೇ ನಿಜವಾದ ಆಟಗಾರರು!! ಈಗಿನ ಸಾಫ್ಟ್‌ವೇರ್ ಮಕ್ಕಳ ಬುದ್ಧಿಗೆ ತುಕ್ಕು ಹಿಡಿಸುತ್ತೆ. ವಿಶ್ವ ಚಾಂಪಿಯನ್ ಆಗಿದ್ದ ಕಾಸ್ಪರೋವ್ ಕಂಪ್ಯೂಟರ್ ಮುಟ್ಟಿದವರೇ ಅಲ್ಲ. ಎಲ್ಲ ಪೋಷಕರಿಗೂ ಕಳಿಸಿ.

ಚಿಕ್ಕಮ್ಮ: ನಾನೂ ಇದನ್ನೇ ಹೇಳ್ತಾ ಬಂದಿದ್ದೀನಿ 🙏

ಅಕ್ಕ: ದೊಡ್ಡಪ್ಪ, ಇದು ಯಾರು ಬರೆದಿದ್ದು? 1985ರಲ್ಲಿ ಹ್ಯಾಂಬರ್ಗ್ ಟೀಮ್‌ನ 8 ಜನರ ಜೊತೆ ಒಟ್ಟಿಗೆ ಆಡಿ ಕಾಸ್ಪರೋವ್ 3.5–4.5ರಲ್ಲಿ ಸೋತ್ರು, 1987ರಲ್ಲಿ ಚೆಸ್‌ಬೇಸ್ ಅನ್ನೋ ಕಂಪ್ಯೂಟರ್ ಡೇಟಾಬೇಸ್‌ನಲ್ಲಿ ಎದುರಾಳಿಗಳ ಹಳೇ ಆಟ ನೋಡ್ಕೊಂಡು ಹೋಗಿ ಹ್ಯಾಂಬರ್ಗ್ ಟೀಮ್ ಮೇಲೆ 7–1ರಲ್ಲಿ ಗೆದ್ರು.

ದೊಡ್ಡಪ್ಪ: ದೊಡ್ಡವರು ಏನು ಹಾಕಿದ್ರೂ ಎದುರು ಮಾತು. ಮೊದಲು ತಾಳ್ಮೆ ಕಲೀರಿ, ಚೆಸ್ ಆಮೇಲೆ.

ಅಕ್ಕ: ಎದುರು ಮಾತಲ್ಲ, ಮೂಲ ಕೇಳ್ದೆ. ಹೋದ ಸಲಾನೂ ಹೀಗೇ ಅಂದ್ರಿ.

ಅಣ್ಣ: ಬಿಡ್ರೋ. ಫ್ಲಾಪಿ ಹಾಕಿ ಕಾಯ್ತಾ ಕೂರ್ತಿದ್ವಲ್ಲ, ಆ ಗರಗರ ಸದ್ದು ಇನ್ನೂ ಕಿವೀಲಿದೆ ❤️

ನಾನು: ಅಣ್ಣ, ಫ್ಲಾಪಿ ಮಾತು ನೀನು ಎತ್ತಬೇಡ. ದೊಡ್ಡಪ್ಪ, ನಿಮ್ಮ ಆತಂಕ ನಂಗೂ ಇದೆ. ಹಳೇದ್ರಲ್ಲಿ ಒಂದು ಪೊಸಿಷನ್ (ಬೋರ್ಡ್ ಮೇಲೆ ಕಾಯಿಗಳು ನಿಂತಿರೋ ರೀತಿ) ಹುಡುಕಿದ್ರೆ ಯಾರ್ಯಾರು ಹೇಗಾಡಿದ್ರು ಅಂತ ಆಟಗಳು ಬರ್ತಿದ್ವು ಅಷ್ಟೆ, ಯಾಕೆ ಅನ್ನೋದು ನಾವೇ ತಲೆ ಕೆಡಿಸ್ಕೋಬೇಕಿತ್ತು, ಈಗ ನಾವು ಯೋಚಿಸೋಕೆ ಮೊದಲೇ ಸ್ಟಾಕ್‌ಫಿಶ್ ಅನ್ನೋ ಇಂಜಿನ್, ಅಂದ್ರೆ ನಡೆ ಲೆಕ್ಕ ಹಾಕೋ ಪ್ರೋಗ್ರಾಮ್, ಯಾರು ಎಷ್ಟು ಮುಂದಿದ್ದಾರೆ ಅಂತ ಪ್ಲಸ್ ಎಷ್ಟು ಮೈನಸ್ ಎಷ್ಟು ಹೇಳಿಬಿಡುತ್ತೆ. ಆದ್ರೆ ಅದನ್ನ ಆಫ್ ಮಾಡೋಕೆ ಒಂದು ಕ್ಲಿಕ್ ಸಾಕು. ನಾನು ಇವತ್ತಿಗೂ ಯಾರೋ ಆಡಿದ ಆಟ ತೆರೆದು, ನಡೆಗಳ ಪಟ್ಟಿ ಮುಚ್ಚಿ, ಮುಂದಿನ ನಡೆ ಹಾಳೇಲಿ ಬರೆದು, ಆಮೇಲೇ ಬಾಣದ ಕೀ ಒತ್ತೋದು. ಆಡಿದವರು ಬೇರೆ ನಡೆ ಆಡಿದ್ರೆ ಅಲ್ಲೇ ನಿಲ್ತೀನಿ, ಇಂಜಿನ್ ಹಾಕೋದು ಎಲ್ಲ ಮುಗಿದ ಮೇಲೆ. ಮಕ್ಕಳಿಗೆ ಇದನ್ನ ಕಲಿಸಿ, ಹೊಸ ಸಾಫ್ಟ್‌ವೇರ್ ಕಿತ್ಕೋಬೇಡಿ.

ಚಿಕ್ಕಮ್ಮ: ಅಣ್ಣ ಫ್ಲಾಪಿ ಮಾತು ಯಾಕೆ ಎತ್ತಬಾರದು?

ನಾನು: ನಾನು ಕಾಮೆಂಟ್ ಬರೆದಿಟ್ಟಿದ್ದ ಆಟಗಳನ್ನ ಫ್ಲಾಪಿಗೆ ಕಾಪಿ ಮಾಡ್ಕೊಡು ಅಂದ್ರೆ ಚೆಸ್‌ಬೇಸ್‌ನ ಆಟಗಳಿರೋ ಸಿಬಿಎಫ್ ಫೈಲ್ ಮಾತ್ರ ಹಾಕ್ಕೊಟ್ಟ. ಯಾವ ಆಟ ಎಲ್ಲಿ ಶುರು ಅಂತ ಹೇಳೋ ಸಿಬಿಐ ಫೈಲ್ ಬಿಟ್ಟೇಬಿಟ್ಟಿದ್ದ, ಆಮೇಲೆ ಕಂಪ್ಯೂಟರ್‌ನಲ್ಲಿದ್ದಿದ್ದೆಲ್ಲ ಅಳಿಸಿ ಫಾರ್ಮ್ಯಾಟೂ ಮಾಡ್ದ. ಒಂದು ಆಟಾನೂ ತೆರೀಲಿಲ್ಲ. ಪಿಜಿಎನ್ ಅಂತ ಆಟ ಬರೆದಿಡೋ ಇನ್ನೊಂದು ಫೈಲ್ ರೀತಿ ಇದೆ, ಅದ್ರಲ್ಲಿ ಇಟ್ಟಿದ್ರೆ ಬರೀ ಅಕ್ಷರ, ಈಗಿನ ಚೆಸ್ ಸಾಫ್ಟ್‌ವೇರ್‌ಗಳಲ್ಲೂ ತೆರೀತಿತ್ತು.

ಅಣ್ಣ: ನಂಗೆ ಎರಡು ಫೈಲ್ ಅಂತ ಗೊತ್ತೇ ಇರ್ಲಿಲ್ಲ ಕಣೋ. ಇಷ್ಟು ವರ್ಷ ಯಾಕೆ ಹೇಳ್ಲಿಲ್ಲ?

ದೊಡ್ಡಪ್ಪ: ಆ ಫ್ಲಾಪಿ ಈಗ ಎಲ್ಲಿದೆ?

ನಾನು: ನನ್ನ ಹತ್ರಾನೇ ಇದೆ ದೊಡ್ಡಪ್ಪ. ಬಿಸಾಕೋಕೆ ಮನಸ್ಸು ಬಂದಿಲ್ಲ.