ವಜಾ ಆದೇಶದ ವಿರುದ್ಧದ ಮೇಲ್ಮನವಿಗೆ ಒಂದೇ ವಾಕ್ಯದ ತೀರ್ಮಾನ ಸಾಕೇ?

ಪ್ರಶ್ನೆ (ಉಡುಪಿಯಿಂದ):
ಮಾನ್ಯರೇ, ರಾಜ್ಯ ಸರ್ಕಾರದ ಇಲಾಖೆಯೊಂದರಲ್ಲಿ ಹದಿನೇಳು ವರ್ಷ ದ್ವಿತೀಯ ದರ್ಜೆ ಸಹಾಯಕರಾಗಿದ್ದ ನನ್ನ ಅಣ್ಣನನ್ನು ಹಣ ದುರುಪಯೋಗದ ಆರೋಪದ ಮೇಲೆ ಇಲಾಖಾ ವಿಚಾರಣೆ ನಡೆಸಿ ವಜಾ ಮಾಡಿದ್ದಾರೆ. ಕೇಳಿದರೂ ನಗದು ಪುಸ್ತಕದ ಪ್ರತಿಯನ್ನು ಕೊಡಲಿಲ್ಲ, ಮುಖ್ಯ ಸಾಕ್ಷಿಯ ಪಾಟೀಸವಾಲಿಗೆ ಅವಕಾಶ ಸಿಗಲಿಲ್ಲ, ಅದೇ ಪ್ರಕರಣದ ಇನ್ನೊಬ್ಬ ನೌಕರರಿಗೆ ವೇತನ ಬಡ್ತಿ ತಡೆಹಿಡಿಯುವ ದಂಡನೆ ಮಾತ್ರ ಆಯಿತು ಎಂದು ಅವರು ಹನ್ನೊಂದು ಪುಟಗಳ ಮೇಲ್ಮನವಿ ಸಲ್ಲಿಸಿದ್ದರು. ಎಂಟು ತಿಂಗಳ ನಂತರ ಬಂದ ಆದೇಶದಲ್ಲಿ, "ಕೂಲಂಕಷವಾಗಿ ಪರಿಶೀಲಿಸಲಾಗಿದ್ದು, ಮಧ್ಯಪ್ರವೇಶಿಸಲು ಯಾವುದೇ ಕಾರಣಗಳು ಕಂಡುಬರದ ಪ್ರಯುಕ್ತ ತಿರಸ್ಕರಿಸಿದೆ" ಎಂಬುದರ ಹೊರತು ಬೇರೇನೂ ಇಲ್ಲ. ಹೀಗೆ ಮಾಡಬಹುದೇ?

ಉತ್ತರ (ವಕೀಲರು, ಮಂಗಳೂರು):
ಮಾಡಬಾರದು. ಇದಕ್ಕೆ ಬಹಳ ಹತ್ತಿರದ ಪ್ರಕರಣವೆಂದರೆ ರಾಮಚಂದರ್ ವಿರುದ್ಧ ಭಾರತ ಒಕ್ಕೂಟ. ಸುಪ್ರೀಂ ಕೋರ್ಟ್ ಅದನ್ನು 1986ರಲ್ಲಿ ತೀರ್ಮಾನಿಸಿತು. ಸೇವೆಯಿಂದ ತೆಗೆದುಹಾಕಲ್ಪಟ್ಟಿದ್ದ ರೈಲ್ವೆ ನೌಕರರೊಬ್ಬರ ಮೇಲ್ಮನವಿಯನ್ನು ರೈಲ್ವೆ ಮಂಡಳಿಯು, ವಿಚಾರಣೆಯ ನಿರ್ಣಯಗಳಿಗೆ ಸಾಕ್ಷ್ಯದ ಆಧಾರವಿದೆ, ದಂಡನೆ ಸರಿಯಾಗಿದೆ ಎಂದಷ್ಟೇ ಬರೆದು ತಿರಸ್ಕರಿಸಿತ್ತು. ಮೇಲ್ಮನವಿ ಪ್ರಾಧಿಕಾರವು ಏನನ್ನು ಪರಿಗಣಿಸಬೇಕೆಂದು ನಿಯಮ ಹೇಳುತ್ತದೆಯೋ ಅದರ ಪದಗಳನ್ನೇ ಯಾಂತ್ರಿಕವಾಗಿ ನಕಲು ಮಾಡಿದರೆ ಪರಿಗಣಿಸಿದಂತಾಗುವುದಿಲ್ಲ ಎಂದ ನ್ಯಾಯಾಲಯವು, ನೌಕರರನ್ನು ಖುದ್ದಾಗಿ ಆಲಿಸಿ ಸಕಾರಣ ಆದೇಶ ಹೊರಡಿಸುವಂತೆ ಪ್ರಕರಣವನ್ನು ಹಿಂದಕ್ಕೆ ಕಳುಹಿಸಿತು.

ಈ ತೀರ್ಪಿನ ಹಿಂದಿರುವ ತರ್ಕವನ್ನು ನಿಮ್ಮ ಅಣ್ಣನವರಿಗೂ ವಿವರಿಸಿ, ಏಕೆಂದರೆ ನಮ್ಮ ಕಚೇರಿಗಳು ಮರೆತಿರುವುದು ಅದನ್ನೇ. ಸಂವಿಧಾನದ 311ನೇ ವಿಧಿಯಡಿ ಮೊದಲು, ವಿಚಾರಣೆ ಮುಗಿದ ಮೇಲೆ ದಂಡನೆಯ ಕುರಿತು ಹೇಳಿಕೊಳ್ಳಲು ನೌಕರನಿಗೆ ಎರಡನೆಯ ಅವಕಾಶವಿತ್ತು. 1976ರ 42ನೇ ತಿದ್ದುಪಡಿ ಅದನ್ನು ತೆಗೆದುಹಾಕಿತು. ಆದ್ದರಿಂದ ದಂಡನೆ ಹೆಚ್ಚಾಯಿತು ಎಂದು ಹೇಳಿಕೊಳ್ಳಲು ಇಲಾಖೆಯೊಳಗೆ ಉಳಿದಿರುವ ಮುಖ್ಯ ಜಾಗವೇ ಮೇಲ್ಮನವಿ. ಅಲ್ಲಿಯೂ ಉತ್ತರ ಸಿಗದಿದ್ದರೆ ಆ ಮಾತನ್ನು ಯಾರೂ ಕೇಳಿಸಿಕೊಳ್ಳಲೇ ಇಲ್ಲವೆಂದಾಗುತ್ತದೆ.

ಒಂದು ಎಚ್ಚರಿಕೆ ಅಗತ್ಯ. 1990ರ ಎಸ್.ಎನ್. ಮುಖರ್ಜಿ ಪ್ರಕರಣದಲ್ಲಿ ಸಂವಿಧಾನ ಪೀಠವು, ಕೆಳಗಿನ ಆದೇಶದ ಕಾರಣಗಳನ್ನು ಒಪ್ಪಿ ಎತ್ತಿಹಿಡಿಯುವಾಗ ಪ್ರತ್ಯೇಕ ಕಾರಣಗಳನ್ನು ನೀಡಲೇಬೇಕೆಂದಿಲ್ಲ ಎಂದಿದೆ. ಸರ್ಕಾರಿ ವಕೀಲರು ಇದನ್ನೇ ಮುಂದಿಡುತ್ತಾರೆ. ಹಾಗಾಗಿ ಮೊದಲು ವಜಾ ಆದೇಶವನ್ನೇ ಓದಿ: ನಗದು ಪುಸ್ತಕದ ವಿಷಯಕ್ಕೆ, ಪಾಟೀಸವಾಲಿನ ವಿಷಯಕ್ಕೆ ಅಲ್ಲಿ ಉತ್ತರವಿದೆಯೇ? ಇಲ್ಲದಿದ್ದರೆ ಒಪ್ಪಿಕೊಳ್ಳಲು ಕಾರಣಗಳೇ ಇರಲಿಲ್ಲವೆಂದು ವಾದಿಸಬಹುದು.

ಉತ್ತರ (ನಿವೃತ್ತ ಶಿರಸ್ತೇದಾರರು, ಮಂಗಳೂರು):
ಇಂತಹ ಆದೇಶಗಳ ಕರಡನ್ನು ನಾನೂ ಬರೆದಿದ್ದೇನೆ, ಅದಕ್ಕಾಗಿ ಇಂದು ನನಗೆ ನೋವಿದೆ. ಹಿಂದಿನ ಕಡತದ ವಾಕ್ಯವನ್ನೇ ಎತ್ತಿ ಬರೆಯುವ ರೂಢಿಯಿತ್ತು, ಸಾಹೇಬರು ಸಹಿ ಮಾಡುತ್ತಿದ್ದರು. ಮಾಹಿತಿ ಹಕ್ಕು ಅಧಿನಿಯಮದಡಿ ಮೇಲ್ಮನವಿ ಕಡತದ ಟಿಪ್ಪಣಿ ಹಾಳೆಗಳ ಪ್ರತಿ ಕೇಳಿ. ಮೂರು ಆಕ್ಷೇಪಗಳನ್ನು ಯಾರೂ ಚರ್ಚಿಸಿರದಿದ್ದರೆ ಅದು ಅಲ್ಲೇ ಕಾಣುತ್ತದೆ.

ಪ್ರಶ್ನೆ ಕೇಳಿದವರು:
ಸರ್, ವಜಾ ಆದೇಶದಲ್ಲಿ ನಗದು ಪುಸ್ತಕದ ಹೆಸರೇ ಇಲ್ಲ. ಇಲಾಖೆ ಈಗ ಹೊಸದಾಗಿ ಕಾರಣಗಳನ್ನು ಹೇಳಬಹುದೇ?

ಉತ್ತರ (ವಕೀಲರು, ಮಂಗಳೂರು):
ಆದೇಶದಲ್ಲಿ ಇಲ್ಲದ ಕಾರಣಗಳನ್ನು ನಂತರ ನ್ಯಾಯಾಲಯಕ್ಕೆ ಸಲ್ಲಿಸುವ ಪ್ರಮಾಣಪತ್ರದ (ಅಫಿಡವಿಟ್) ಮೂಲಕ ಸೇರಿಸಲಾಗದು ಎಂಬ ತತ್ತ್ವ 1978ರ ಮೊಹಿಂದರ್ ಸಿಂಗ್ ಗಿಲ್ ತೀರ್ಪಿನಿಂದ ಪ್ರಸಿದ್ಧವಾಗಿದೆ. ಬೆಂಗಳೂರಿನ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಮೇಲ್ಮನವಿ ಆದೇಶದ ದಿನಾಂಕದಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು, ಟಿಪ್ಪಣಿ ಹಾಳೆಗಳಿಗಾಗಿ ಕಾದು ಅವಧಿ ಮೀರಿಸಬೇಡಿ. ಆದರೆ ಕಾರಣ ನೀಡದಿರುವುದೊಂದೇ ಆಧಾರವಾದರೆ ಸಾಮಾನ್ಯವಾಗಿ ಸಿಗುವ ಪರಿಹಾರವೆಂದರೆ ಮರುಪರಿಶೀಲನೆ, ತಕ್ಷಣದ ಮರುನೇಮಕವಲ್ಲ. ಇದನ್ನು ಮನೆಯವರಿಗೆ ಈಗಲೇ ತಿಳಿಸಿಬಿಡಿ. ಪ್ರತಿ ಕೊಡದಿರುವುದನ್ನೂ ಪಾಟೀಸವಾಲು ನಿರಾಕರಿಸಿದ್ದನ್ನೂ ಪ್ರತ್ಯೇಕ ಆಧಾರಗಳಾಗಿ ಬರೆಯಿರಿ, ಏಕೆಂದರೆ ಅವು ವಿಚಾರಣೆಯನ್ನೇ ಪ್ರಶ್ನಿಸುತ್ತವೆ.